ಹಿಟ್ಲರ್‌ಗಿಂತ ಐವತ್ತು ವರ್ಷ ಮೊದಲು

ಪ್ರಶ್ನೆ: ಯಹೂದಿಗಳು ತಮಗೇ ಒಂದು ನಾಡು ಬೇಕು ಅಂತ ಹೊರಟಿದ್ದು ಹಿಟ್ಲರ್ ಕಾಲದಲ್ಲಿ ಅಲ್ವಾ ಮೇಷ್ಟ್ರೇ? ಪಿಯುಸಿ ಓದುವ ಮಗಳು ಕೇಳಿದಳು, ಹೌದು ಅಂದುಬಿಟ್ಟೆ.
– ಓದುಗರೊಬ್ಬರು, ಮೂಡಿಗೆರೆ

ಉತ್ತರ: ಇಲ್ಲಮ್ಮ. ಹಿಟ್ಲರ್ ಅಧಿಕಾರಕ್ಕೆ ಬಂದದ್ದು 1933ರಲ್ಲಿ. ಹಾಸನದಲ್ಲಿ ನಾನು ಇತಿಹಾಸ ಹೇಳಿಕೊಡುವಾಗ ಮಕ್ಕಳೂ ಹೀಗೇ ಬರೆಯುತ್ತಿದ್ದರು. ಆಗೆಲ್ಲ ಬೋರ್ಡಿನ ಮೇಲೆ ದೊಡ್ಡದಾಗಿ 1881 ಅಂತ ಬರೆಯುತ್ತಿದ್ದೆ.

ಆ ವರ್ಷ ರಷ್ಯಾದ ದೊರೆ ಎರಡನೇ ಅಲೆಕ್ಸಾಂಡರ್‌ನನ್ನು ಕ್ರಾಂತಿಕಾರಿಗಳು ಬಾಂಬ್ ಎಸೆದು ಕೊಂದರು. ಇದು ಯಹೂದಿಗಳದ್ದೇ ಕೆಲಸ ಅನ್ನುವ ಗಾಳಿಮಾತು ಹಬ್ಬಿತು. ದಕ್ಷಿಣದ ಊರುಗಳಲ್ಲಿ ಅವರ ಮನೆ, ಅಂಗಡಿಗಳಿಗೆ ಜನ ನುಗ್ಗಿದರು.

ಒಡೆಸ್ಸಾದಲ್ಲಿ ಲಿಯೋನ್ ಪಿನ್ಸ್ಕರ್ ಅನ್ನುವ ಡಾಕ್ಟರ್ ಇದ್ದರು. ನಮ್ಮ ಮಕ್ಕಳು ರಷ್ಯನ್ ಕಲಿತು ನಾಲ್ಕಕ್ಷರ ಓದಿದರೆ ಸಾಕು, ರಷ್ಯನ್ನರು ನಮ್ಮನ್ನೂ ತಮ್ಮವರು ಅಂದುಕೊಳ್ಳುತ್ತಾರೆ ಅಂತ ನಂಬಿದ್ದವರು. ಆ ನಂಬಿಕೆ ಅವತ್ತು ಮುರಿಯಿತು. 1882ರಲ್ಲಿ ಜರ್ಮನ್ ಭಾಷೆಯಲ್ಲಿ ಒಂದು ಸಣ್ಣ ಪುಸ್ತಕ ಬರೆದರು. ಹೆಸರು ಹಾಕಲಿಲ್ಲ, 'ಒಬ್ಬ ರಷ್ಯನ್ ಯಹೂದಿ' ಅಂತಷ್ಟೇ. ಬೇರೆಯವರು ಹಕ್ಕು ಕೊಡಲಿ ಅಂತ ಕಾದು ಕೂರಬೇಡಿ, ನಮ್ಮದೇ ನೆಲ ಹುಡುಕೋಣ ಅನ್ನುವುದು ಅದರ ತಿರುಳು. ಅದು ಪ್ಯಾಲೆಸ್ತೀನೇ ಆಗಬೇಕು ಅಂತ ಆ ಪುಸ್ತಕದಲ್ಲಿ ಹಟವಿಲ್ಲ. ನನಗಂತೂ ಈ ಕಥೆಯ ಮೊದಲ ಪುಟ ಈ ಡಾಕ್ಟರೇ.

ಎಲ್ಲರೂ ಹೇಳುವ ಥಿಯೋಡರ್ ಹರ್ಝಲ್ ಬಂದದ್ದು ಆಮೇಲೆ. ವಿಯೆನ್ನಾದ ಪತ್ರಕರ್ತ. 1897ರ ಆಗಸ್ಟ್‌ನಲ್ಲಿ ಸ್ವಿಟ್ಜರ್ಲೆಂಡಿನ ಬಾಸೆಲ್‌ನಲ್ಲಿ ಸುಮಾರು 200 ಜನರನ್ನು ಸೇರಿಸಿ ಯಹೂದಿ ನಾಡಿಗಾಗಿ ಮೊದಲ ಸಮ್ಮೇಳನ ಮಾಡಿದರು. ಎಲ್ಲರೂ ಕಪ್ಪು ಕೋಟು, ಬಿಳಿ ಟೈ ಹಾಕಿಕೊಂಡೇ ಬರಬೇಕು ಅಂತ ಅವರ ಅಪ್ಪಣೆ. ಗೆಳೆಯ ಮ್ಯಾಕ್ಸ್ ನೋರ್ಡೌ ಬೇರೆ ಕೋಟಿನಲ್ಲಿ ಬಂದಾಗ, ದಯವಿಟ್ಟು ಬದಲಾಯಿಸಿಕೊಂಡು ಬಾ ಅಂತ ಬೇಡಿಕೊಂಡರು. ಒಂದು ದೇಶದ ಸಂಸತ್ತೇ ಕೂತ ಹಾಗೆ ಕಾಣಬೇಕಿತ್ತು ಅವರಿಗೆ.

ಇನ್ನೊಂದು ಮಾತು. ಇವರು ಕಣ್ಣಿಟ್ಟ ಪ್ಯಾಲೆಸ್ತೀನಿನಲ್ಲಿ ಮೊದಲೇ ಜನರಿದ್ದರು, ಜಾಸ್ತಿ ಅರಬರು. ಜೆರುಸಲೇಮಿನ ಮೇಯರ್ ಆಗಿದ್ದ ಯೂಸುಫ್ ಖಾಲಿದಿ 1899ರಲ್ಲಿ ಪತ್ರ ಬರೆದು, ಆ ನೆಲದ ಜೊತೆ ಯಹೂದಿಗಳಿಗಿರುವ ನಂಟನ್ನು ಒಪ್ಪಿಕೊಂಡರು. ಆದರೂ ದೇವರ ಹೆಸರಿನಲ್ಲಿ ಕೇಳುತ್ತೇನೆ, ಪ್ಯಾಲೆಸ್ತೀನನ್ನು ಅದರ ಪಾಡಿಗೆ ಬಿಡಿ ಅಂದರು. ಆ ಪತ್ರ ಹರ್ಝಲ್ ಕೈ ಸೇರಿತು, ಉತ್ತರವೂ ಹೋಯಿತು.

ನಮ್ಮೂರು ಹೇಮಾವತಿ ಹಿನ್ನೀರಿನಲ್ಲಿ ಮುಳುಗಿತು. ಬೇಸಿಗೆಯಲ್ಲಿ ನೀರು ಇಳಿದಾಗ ಅಪ್ಪ ಅಲ್ಲಿಗೆ ಹೋಗಿ, ನಮ್ಮ ಮನೆ ಹೊಸಿಲಿನ ಕಲ್ಲು ಹುಡುಕುತ್ತಿದ್ದರು. ಊರು ಅಂದರೆ ಏನು ಅಂತ ನನಗೆ ಗೊತ್ತಾದದ್ದು ಆಗ. ಹಾಗಾಗಿ ಮಗಳಿಗೆ ಹೇಳುವಾಗ ಪಿನ್ಸ್ಕರ್ ಹೆಸರನ್ನೂ ಖಾಲಿದಿ ಹೆಸರನ್ನೂ ಒಟ್ಟಿಗೇ ಹೇಳಿ ತಾಯಿ.