ಮುದ್ರೆ ತಕ್ಕಡಿಗೆ, ಕೈಗಲ್ಲ

ಓದುಗರೊಬ್ಬರ ಪತ್ರ: "ಅಂಗಡಿಯಲ್ಲಿ ಒಂದು ಕಿಲೋ ಅಂತ ತೂಗಿಸಿ ತಂದಿದ್ದು ಮನೆಯ ತಕ್ಕಡಿಯಲ್ಲಿ 980 ಗ್ರಾಂ ಬಂತು. ಅಂಗಡಿಯ ತಕ್ಕಡಿಗೆ ಸರ್ಕಾರದ ಮುದ್ರೆ ಇದೆ, ಕಣ್ಣಾರೆ ನೋಡಿದ್ದೇನೆ. ಹಾಗಾದರೆ ಆ ಮುದ್ರೆ ಯಾಕೆ? ತಪಾಸಣೆ ಅನ್ನೋದು ಬರೀ ನಾಟಕವಾ? ನಾನೀಗ ಹೋಗಿ ಜಗಳ ಆಡಬೇಕಾ?"

ಸಂಪಾದಕರ ಉತ್ತರ:

ಜಗಳ ಆಮೇಲೆ. ಮೊದಲು ಆ 20 ಗ್ರಾಂ ಎಲ್ಲಿ ಹೋಯಿತು ಅಂತ ಹುಡುಕೋಣ.

ಅಂಗಡಿಯ ತಕ್ಕಡಿ 5 ಗ್ರಾಂ ಲೆಕ್ಕದಲ್ಲಿ ಏರುವಂಥದ್ದು ಅಂತ ಇಟ್ಟುಕೊಳ್ಳಿ. ಕಾನೂನು ಮಾಪನದ, ಅಂದರೆ ವ್ಯಾಪಾರದ ತೂಕ-ಅಳತೆಯ ನಿಯಮಗಳ, ಅಂತರರಾಷ್ಟ್ರೀಯ ಸಂಸ್ಥೆಯ ಶಿಫಾರಸಿನಂತೆ, ಮುದ್ರೆ ಒತ್ತುವ ದಿನ ಒಂದು ಕಿಲೋಗೆ ಅದು ಎರಡೂವರೆ ಗ್ರಾಂಗಿಂತ ಜಾಸ್ತಿ ತಪ್ಪುವಂತಿಲ್ಲ. ಬಳಕೆಯಲ್ಲಿದ್ದಾಗ 5 ಗ್ರಾಂವರೆಗೆ ಬಿಡುತ್ತಾರೆ. ತಪ್ಪು ಯಾವ ಕಡೆಗೂ ಇರಬಹುದು, ಅಂಗಡಿಯವರಿಗೆ ನಷ್ಟವೂ ಆಗಬಹುದು. ಅಂತೂ ನಿಮ್ಮ 20 ಗ್ರಾಂ ಈ ವಿನಾಯಿತಿಯೊಳಗೆ ಹಿಡಿಸುವುದಿಲ್ಲ.

ಪರೀಕ್ಷೆ ನಾಟಕ ಅಂತೂ ಅಲ್ಲ. ಅಧಿಕಾರಿ ತಟ್ಟೆಯ ನಡುವೆ ಒಂದು ಕಲ್ಲಿಟ್ಟು ಎದ್ದು ಹೋಗುವುದಿಲ್ಲ. ಮೊದಲು ತಕ್ಕಡಿ ಮಟ್ಟಸವಾಗಿ ಕೂತಿದೆಯಾ ಅಂತ ನೀರ್ಗುಳ್ಳೆ ನೋಡುತ್ತಾರೆ. ಆಮೇಲೆ ಅದು ಹೊರಬಲ್ಲ ತೂಕದ ಮೂರರಲ್ಲೊಂದು ಪಾಲನ್ನು ತಟ್ಟೆಯ ನಾಲ್ಕೂ ಮೂಲೆಗೆ ಸರಿಸಿ ಸರಿಸಿ ಇಡುತ್ತಾರೆ. ನಡುವೆ ಸತ್ಯ ಹೇಳಿ ಮೂಲೆಯಲ್ಲಿ ಸುಳ್ಳು ಹೇಳುವ ತಕ್ಕಡಿ ಇಲ್ಲೇ ಸಿಕ್ಕಿಬೀಳುತ್ತದೆ. ಎಲೆಕ್ಟ್ರಾನಿಕ್ ತಕ್ಕಡಿಗೆ ಇನ್ನೊಂದು ತಾಪತ್ರಯ. ಅದು ಅಳೆಯುವುದು ಭೂಮಿಯ ಸೆಳೆತವನ್ನು. ಧ್ರುವಕ್ಕೂ ಸಮಭಾಜಕಕ್ಕೂ ಆ ಸೆಳೆತದಲ್ಲಿ ಸುಮಾರು ಅರ್ಧ ಪರ್ಸೆಂಟ್ ವ್ಯತ್ಯಾಸ, ಅಂದರೆ ಕಿಲೋಗೆ 5 ಗ್ರಾಂ. ಅದಕ್ಕೇ ಅದನ್ನು ಬಳಸುವ ಜಾಗಕ್ಕೆ ಹೊಂದಿಸಬೇಕು. ಎರಡು ತಟ್ಟೆಯ ಹಳೇ ತಕ್ಕಡಿಗೆ ಈ ಗೋಳಿಲ್ಲ, ಸೆಳೆತ ಎರಡೂ ಕಡೆ ಒಂದೇ ಅಲ್ವಾ?

ಆದರೆ ಮುದ್ರೆ ಹೇಳುವುದು ಇಷ್ಟೇ: ಆ ದಿನ ಈ ಯಂತ್ರ ಸರಿಯಿತ್ತು. ನೀವು ಕೊಂಡ ದಿನ ಅದನ್ನು ಬಳಸಿದ ಕೈಯ ಬಗ್ಗೆ ಅದಕ್ಕೇನೂ ಗೊತ್ತಿಲ್ಲ. ಸಾಮಾನು ಬಿದ್ದದ್ದು ಯಾವುದರೊಳಗೆ, ನೆನಪಿದೆಯಾ? ದಪ್ಪ ರಟ್ಟಿನ ಡಬ್ಬಿಯೇ 20 ಗ್ರಾಂ ತೂಗಬಲ್ಲದು. ಅಂಗಡಿಯಲ್ಲಿ ಡಬ್ಬಿ ಸಮೇತ ತೂಗಿ, ಮನೆಯಲ್ಲಿ ನೀವು ಸಾಮಾನನ್ನಷ್ಟೇ ತೂಗಿದ್ದರೆ ಕಡಿಮೆ ಬಂದದ್ದು ಅದೇ. ಖಾಲಿ ಡಬ್ಬಿ ಇಟ್ಟು ಸೊನ್ನೆ ಮಾಡಿ, ಆಮೇಲೆ ತುಂಬಿಸಬೇಕು. ಆ ಒಂದು ಗುಂಡಿ ಒತ್ತದಿದ್ದರೆ ನೀವು ಸಾಮಾನಿನ ದರಕ್ಕೆ ರಟ್ಟು ಕೊಂಡಂತೆ. ತಕ್ಕಡಿ ಸುಳ್ಳು ಹೇಳಿಲ್ಲ, ಮುದ್ರೆಯೂ ಸರಿ, ನಷ್ಟ ಮಾತ್ರ ನಿಮ್ಮದು.

ನನಗೆ ತಕರಾರಿರುವುದೂ ಇಲ್ಲೇ. ಅಧಿಕಾರಿ ಗುರುತಿನ ಚೀಟಿ ತೋರಿಸಿಕೊಂಡು ಒಳಗೆ ಬಂದರೆ ಎಲ್ಲರೂ ಸೊನ್ನೆ ಗುಂಡಿ ಒತ್ತುತ್ತಾರೆ. ಗಿರಾಕಿಯಂತೆ ಸುಮ್ನೆ ಕೊಂಡು, ಬಿಲ್ ಕೈಗೆ ಬಂದ ಮೇಲೆ ನಾನು ಇಂಥವನು ಅಂತ ಹೇಳಿ, ಅಂಗಡಿಯವರ ಎದುರೇ ಮತ್ತೆ ತೂಗುವ ಪದ್ಧತಿಯೂ ಇದೆ. ಸಮಯ ಹಿಡಿಯುತ್ತದೆ ನಿಜ. ಆದರೂ ಮುದ್ರೆಗಿಂತ ಅದು ಜಾಸ್ತಿ ಆಗಬೇಕು ಅನ್ನೋದು ನನ್ನ ವಾದ.

(ಕಂಪನಿಯಲ್ಲೇ ತುಂಬಿದ ಪೊಟ್ಟಣದ ಲೆಕ್ಕ ಬೇರೆ. ಅಲ್ಲಿ ಇಡೀ ಸರಕಿನ ಸರಾಸರಿ ಕಡಿಮೆ ಬರುವಂತಿಲ್ಲ. ಕಿಲೋ ಪೊಟ್ಟಣ ಒಂದೊಂದು 15 ಗ್ರಾಂವರೆಗೆ ಕಡಿಮೆ ಇದ್ದರೆ ಸಾಮಾನ್ಯವಾಗಿ ನಡೆಯುತ್ತದೆ.)

ಇನ್ನು ನಿಮ್ಮ ಮನೆಯ ತಕ್ಕಡಿ. ಬೇಜಾರು ಮಾಡ್ಕೋಬೇಡಿ, ಅದಕ್ಕೆ ಮುದ್ರೆ ಇಲ್ಲ. ಗಟ್ಟಿ ನೆಲದ ಮೇಲಿಟ್ಟು ಒಂದೇ ವಸ್ತುವನ್ನು ನಡುವೆ ಒಮ್ಮೆ, ಮೂಲೆಯಲ್ಲಿ ಒಮ್ಮೆ ತೂಗಿ ನೋಡಿ. ಎರಡು ಉತ್ತರ ಬಂದರೆ ಅಂಗಡಿಯವರನ್ನು ಬೈಯುವುದು ಸ್ವಲ್ಪ ತಡೆಯಿರಿ. ಒಂದೇ ಬಂದರೂ ತಕ್ಕಡಿ ಸರಿ ಅಂತ ಆಗಲಿಲ್ಲ, ತೂಕ ಗೊತ್ತಿರುವ ಒಂದು ಕಲ್ಲನ್ನು ಇಟ್ಟು ನೋಡಬೇಕು. ಅದೂ ಸರಿ ಬಂದರೆ ಡಬ್ಬಿ ಖಾಲಿ ಮಾಡಿ, ಡಬ್ಬಿಯನ್ನಷ್ಟೇ ತೂಗಿ. ಅದು 20 ತೋರಿಸಿದರೆ ಬಿಲ್, ಡಬ್ಬಿ, ಕೊಂಡ ದಿನ ಮತ್ತು ಹೊತ್ತು ಬರೆದಿಟ್ಟು ತೂಕ-ಅಳತೆ ಇಲಾಖೆಗೆ ದೂರು ಕೊಡಿ. ಎಷ್ಟು ಬಂತು ಅಂತ ನನಗೂ ಒಂದು ಸಾಲು ಬರೆಯಿರಿ.