ಹುತ್ತರಿ ಕೋಲಾಟದ ಕ್ಯಾಸೆಟ್: ಒಂದೇ ನಿಮಿಷಕ್ಕೆ ಚಿತ್ರ ಮಾಯ

ಕೊಡಗಿನ ಸುಗ್ಗಿ ಹಬ್ಬ ಹುತ್ತರಿಯಲ್ಲಿ ನಿಮ್ಮ ತಂದೆ ತೆಗೆದ ಕೋಲಾಟದ ವಿಎಚ್‌ಎಸ್ ಕ್ಯಾಸೆಟ್ ಒಂದು ನಿಮಿಷ ಓಡಿ ಪರದೆ ತುಂಬ ಬಿಳಿ ಚುಕ್ಕೆ ಬರುತ್ತಿದ್ದರೆ, ಕಾರಣ ಬಹುಮಟ್ಟಿಗೆ ಬೂಷ್ಟು. ಕೊಡಗಿನ ಮಳೆಗಾಲಗಳನ್ನು ಅಟ್ಟದಲ್ಲಿ ಕಳೆದ ಕ್ಯಾಸೆಟ್‌ಗಳ ಹಣೆಬರಹವೇ ಅದು. ಕ್ಯಾಸೆಟ್‌ನ ಕಿಟಕಿಯಲ್ಲಿ ಇಣುಕಿ ನೋಡಿ: ಸುರುಳಿಯ ಅಂಚಿನಲ್ಲಿ ಹಿಟ್ಟು ಉದುರಿದಂಥ ಬಿಳುಪು ಕಂಡರೆ ಅನುಮಾನವಿಲ್ಲ. ಕಾಣದಿದ್ದರೆ ಪ್ಲೇಯರ್‌ನೊಳಗೆ ಟೇಪನ್ನು ಓದುವ ಹೆಡ್ ಮಾತ್ರ ಕೊಳೆಯಾಗಿರಬಹುದು.

ಮೊದಲು ಪ್ಲೇಯರ್‌ಗೆ ಹಾಕುವುದನ್ನು ನಿಲ್ಲಿಸಿ. ಬೂಷ್ಟು ಬೇರೆ ಕ್ಯಾಸೆಟ್‌ಗಳಿಗೂ ಹರಡುತ್ತದೆ. ಬಿಗಿಯಾದ ಡಬ್ಬದಲ್ಲಿ ತೇವ ಹೀರುವ ಸಿಲಿಕಾ ಜೆಲ್ ಜೊತೆ ಒಂದೆರಡು ವಾರ ಇಡಿ. ಹಂದಿಮಾಂಸದಂತೆ ಒಲೆಯ ಮೇಲೆ ತೂಗುಹಾಕಿ ಒಣಗಿಸುವುದು ಬೇಡ, ಬಿಸಿಗೆ ಟೇಪು ಸೊಟ್ಟಗಾಗುತ್ತದೆ. ಬೂಷ್ಟು ಒಣಗಿ ಪುಡಿಯಾದ ಮೇಲೆ ಮಾಸ್ಕ್ ಧರಿಸಿ, ಅಂಗಳದಲ್ಲಿ ಕುಳಿತು, ಸ್ಕ್ರೂ ಬಿಚ್ಚಿ ಮೆತ್ತನೆಯ ಬ್ರಷ್‌ನಿಂದ ಅಂಚನ್ನು ಗುಡಿಸಿ. ಹೆಡ್ಡನ್ನು ಐಸೊಪ್ರೊಪೈಲ್ ಆಲ್ಕೋಹಾಲ್‌ನಿಂದ ಒರೆಸಿ. ಆಮೇಲೆ ಕಂಪ್ಯೂಟರ್‌ಗೆ ಪಾಲ್ (PAL, ಭಾರತದ ಹಳೆಯ ಟಿವಿ, ವಿಡಿಯೋಗಳ ಮಾದರಿ) ಮಾದರಿಯಲ್ಲಿ, ಸೆಕೆಂಡಿಗೆ 25 ಫ್ರೇಮ್‌ನಂತೆ ಇಳಿಸಿಕೊಳ್ಳಿ.

ಇಳಿಸಿದ ಮೇಲೆ, ಮಂದ್‌ನ (ಕೋಲಾಟ ನಡೆಯುವ ಊರ ಬಯಲಿನ) ಅಂಚಿನಲ್ಲಿ ನಿಂತವರನ್ನೂ ಕೋಲು ಎತ್ತುವ ಮುಂಚಿನ ಗಲಿಬಿಲಿಯನ್ನೂ ಕತ್ತರಿಸಬೇಡಿ. ಹಿರಿಯರ ಕಾಲು ನೋಡುತ್ತ ಹುಡುಗರು ಹೆಜ್ಜೆ ಹಿಡಿಯುವುದು ವೇದಿಕೆಯ ವಿಡಿಯೋಗಳಲ್ಲಿ ಸಿಗುವುದಿಲ್ಲ. ಯಾವ ಮಂದ್, ಯಾವ ವರ್ಷ, ಯಾರು ಯಾರು ಎಂದು ಮನೆಯ ಹಿರಿಯರನ್ನು ಕೇಳಿ ಈಗಲೇ ಬರೆದಿಡಿ; ಊರು, ವರ್ಷ ಫೈಲಿನ ಹೆಸರಿನಲ್ಲೇ ಇರಲಿ.