ಚಿಕ್ಕಮ್ಮನ ಮನೆಯ ಬೆಕ್ಕುಗಳನ್ನು ಒಂದೇ ದಿನ ಹಿಡಿಯಬೇಡಿ

ಶಿರಸಿಯಲ್ಲಿ ಒಬ್ಬರೇ ಇರುವ ನಿಮ್ಮ ಚಿಕ್ಕಮ್ಮನ ಮನೆಯಲ್ಲಿ ಇಪ್ಪತ್ತಕ್ಕೂ ಜಾಸ್ತಿ ಬೆಕ್ಕು ಸೇರಿವೆ, ಭಾನುವಾರ ಎಲ್ಲವನ್ನೂ ಹಿಡಿದು ಸಾಗಿಸೋಣವಾ ಅಂತ ಕೇಳಿದ್ದೀರಿ. ಬೇಡ. ಕಾರವಾರದಲ್ಲಿ ನಾವು ಹಾಗೇ ಮಾಡಿ ಕೈ ಸುಟ್ಟುಕೊಂಡಿದ್ದೇವೆ. 19 ಬೆಕ್ಕು ತಂದು ಒಂದೇ ಶೆಡ್ಡಿಗೆ ಬಿಟ್ಟೆವು. ಒಂದು ಮರಿಗೆ ವಾಂತಿ ಇತ್ತು, ಪ್ರಯಾಣದ ಸುಸ್ತು ಅಂದುಕೊಂಡೆವು. ಅದು ಪ್ಯಾನ್‌ಲ್ಯೂಕೋಪೀನಿಯಾ, ಅಂದರೆ ಬೆಕ್ಕಿನಿಂದ ಬೆಕ್ಕಿಗೆ ಹರಡುವ ವೈರಸ್ ರೋಗ ಆಗಿತ್ತು. ವಾರದೊಳಗೆ ಐದು ಮರಿ ಹೋದವು.

ಈ ಭಾನುವಾರ ಗಂಡು, ಹೆಣ್ಣು ಬೇರೆ ಮಾಡಿ, ಅಷ್ಟು ಸಾಕು. ಬೆಕ್ಕಿನ ಗರ್ಭ 63ರಿಂದ 65 ದಿನ. ಹಾಲು ಕುಡಿಸುತ್ತಿರುವಾಗಲೇ ಮತ್ತೆ ಗಬ್ಬ ಆಗಬಹುದು, ನಾಲ್ಕು ತಿಂಗಳ ಮರಿಯೂ ಆಗಬಹುದು. ಆಮೇಲೆ ಮೂರು ನಾಲ್ಕರಂತೆ ತಂದು 14 ದಿನ ಬೇರೆ ಇಡಿ.

ಜಾಗ ತೊಳೆಯಲು ಫಿನಾಯಿಲ್ ಬೇಡವೇ ಬೇಡ. ಅದು ಬೆಕ್ಕಿಗೆ ವಿಷ, ಈ ವೈರಸ್ಸಿಗೆ ಏನೂ ಆಗುವುದಿಲ್ಲ. ವೈರಸ್ ಒಂದು ವರ್ಷದವರೆಗೂ ಉಳಿಯಬಲ್ಲದು. 32 ಪಾಲು ನೀರಿಗೆ ಒಂದು ಪಾಲು ಬ್ಲೀಚ್ ಹಾಕಿ, ಹತ್ತು ನಿಮಿಷ ಒದ್ದೆಯಾಗಿಯೇ ಬಿಡಿ. ಆದರೆ ಮೊದಲು ಸೋಪು ನೀರಿನಲ್ಲಿ ಉಚ್ಚೆ ಪೂರ್ತಿ ಹೋಗಬೇಕು. ಉಚ್ಚೆ ಮೇಲೆ ಬ್ಲೀಚ್ ಬಿದ್ದರೆ ವಿಷದ ಗಾಳಿ ಏಳುತ್ತದೆ. ನನಗೆ ಗಂಟೆಗಟ್ಟಲೆ ಕೆಮ್ಮು ನಿಂತಿರಲಿಲ್ಲ.

ಬಡಕಲಾದವಕ್ಕೆ ಕನಿಕರಕ್ಕೆ ತಟ್ಟೆ ತುಂಬಾ ಹಾಕಬೇಡಿ. ಸ್ವಲ್ಪ ಸ್ವಲ್ಪ, ದಿನಕ್ಕೆ ಐದಾರು ಸಲ. ನಾಯಿಯ ಉಣ್ಣೆ ಹುಳಕ್ಕೆ ಹಾಕುವ ಪರ್ಮೆಥ್ರಿನ್ ಔಷಧಿ ಮುಟ್ಟಿಸಲೇಬೇಡಿ, ಬೆಕ್ಕು ಸಾಯುತ್ತದೆ.

ಹೆದರಿದವು ಬೇಗ ಬದಲಾಗುವುದಿಲ್ಲ. ನಮ್ಮ ಒಂದು ಬೂದಿ ಬೆಕ್ಕು ಅಡಿಕೆ ಚೀಲದ ಸಂದಿಯಲ್ಲಿ ಗೋಡೆಗೆ ಮುಖ ಮಾಡಿ ಕೂತೇ ಇತ್ತು, ರಾತ್ರಿ ಮಾತ್ರ ತಿನ್ನುತ್ತಿತ್ತು. ನಾನು ದಿನಾ ಸಂಜೆ ಸುಮ್ನೆ ಪಕ್ಕದಲ್ಲಿ ಪೇಪರ್ ಓದುತ್ತಾ ಕೂರುತ್ತಿದ್ದೆ. ಹನ್ನೆರಡನೇ ದಿನ ಬೇಯಿಸಿದ ಬಂಗಡೆಯ ಚೂರಿಗೆ ಕತ್ತು ತಿರುಗಿಸಿತು. ಎರಡು ದಿನ ಏನೂ ಮುಟ್ಟದೇ ಇದ್ದರೆ ಮಾತ್ರ ಕಾಯಬೇಡಿ, ಲಿವರ್ ಕೆಡುತ್ತದೆ, ಡಾಕ್ಟರ ಹತ್ತಿರ ಓಡಿ.

ಚಿಕ್ಕಮ್ಮನನ್ನು ಬೈಯಬೇಡಿ. ಮರಿ ಆಗದಂತೆ ಆಪರೇಷನ್ ಮಾಡಿಸಿದ ಎರಡು ಬೆಕ್ಕು ಅವರ ಹತ್ತಿರವೇ ಇರಲಿ. ಮನೆ ಪೂರ್ತಿ ಖಾಲಿ ಮಾಡಿದರೆ ಆರು ತಿಂಗಳಲ್ಲಿ ಮತ್ತೆ ಹತ್ತು ಸೇರುತ್ತವೆ, ಆಗ ನಿಮಗೆ ಬಾಗಿಲೂ ತೆಗೆಯುವುದಿಲ್ಲ. ಯಾವ ಎರಡು ಅಂತ ಅವರೇ ಹೇಳಲಿ.

ಹಿಡಿಯುವಾಗ ಕಚ್ಚಿದರೆ ಹದಿನೈದು ನಿಮಿಷ ಸೋಪು ಹಾಕಿ ನಲ್ಲಿ ಕೆಳಗೆ ತೊಳೆದು ಅವತ್ತೇ ರೇಬೀಸ್ ಚುಚ್ಚುಮದ್ದಿಗೆ ಹೋಗಿ. ಪಂಜರ ಬೇಕಿದ್ದರೆ ಹೇಳಿ, ನನ್ನ ಹತ್ತಿರ ನಾಲ್ಕಿವೆ, ಶಿರಸಿ ಬಸ್ಸಿಗೆ ಹಾಕುತ್ತೇನೆ.